ಗೆದ್ದವನ ಕೈ ಸೇರದ ಆದೇಶ: ಸಿವಿಲ್ ನ್ಯಾಯಾಂಗ ನಿಂದನೆ ಮತ್ತು ನ್ಯಾಯಾಧೀಶರ ವಿವೇಚನೆ

ಕೋರ್ಟು ಮೆಟ್ಟಿಲು ಹತ್ತಿದವರಲ್ಲಿ ಗೆದ್ದವ ಸೋತ, ಸೋತವ ಸತ್ತ ಎಂಬ ಗಾದೆ ನಮ್ಮಲ್ಲಿದೆ. ಸೋತವನ ಗತಿ ಅರ್ಥವಾಗುತ್ತದೆ. ಗೆದ್ದವ ಯಾಕೆ ಸೋತ? ವಕೀಲರ ಫೀಸು, ಓಡಾಟ, ಸವೆದುಹೋದ ವರ್ಷಗಳು ಎಂದು ಸಾಮಾನ್ಯವಾಗಿ ಉತ್ತರ ಹೇಳುತ್ತೇವೆ. ಅದಕ್ಕಿಂತ ಕಹಿಯಾದ ಕಾರಣ ಇನ್ನೊಂದಿದೆ. ತೀರ್ಪು ಅವನ ಕಡೆಗೇ ಬಂದಿರುತ್ತದೆ, ಅದರ ದೃಢೀಕೃತ ಪ್ರತಿ ಕೈಚೀಲದಲ್ಲಿ ಇರುತ್ತದೆ. ಆದರೆ ಜಮೀನು ಎದುರಾಳಿಯ ಸ್ವಾಧೀನದಲ್ಲೇ ಇದೆ, ತಡೆಹಿಡಿದ ಪಿಂಚಣಿ ಖಾತೆಗೆ ಬಿದ್ದಿಲ್ಲ, ಭೂಸ್ವಾಧೀನದ ಪರಿಹಾರದ ಕಡತ ಒಂದು ಮೇಜಿನಿಂದ ಇನ್ನೊಂದಕ್ಕೆ ಸರಿದಿಲ್ಲ. ಭಾರತದಲ್ಲಿ ಕಕ್ಷಿದಾರನ ಕಷ್ಟ ಶುರುವಾಗುವುದೇ ಡಿಕ್ರಿ ಕೈಗೆ ಬಂದ ಮೇಲೆ ಎಂಬ ಅರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲೇ ಆಡಿತ್ತು. ಒಂದೂವರೆ ಶತಮಾನ ಕಳೆದರೂ ಆ ಮಾತು ಹಳತಾಗಿಲ್ಲ.

ಇಂಥವನು ಕೊನೆಗೆ ತಟ್ಟುವ ಬಾಗಿಲು ನ್ಯಾಯಾಂಗ ನಿಂದನೆಯ ಅರ್ಜಿ. ಕರ್ನಾಟಕ ಹೈಕೋರ್ಟಿನಲ್ಲಿ ವಕೀಲರು ಇದನ್ನು ‘ಸಿಸಿಸಿ’ ಎನ್ನುತ್ತಾರೆ. ಅಲ್ಲಿ ಅವನ ಪಾಲಿಗೆ ಏನಾಗುತ್ತದೆ ಎಂಬುದು ಬಹುಮಟ್ಟಿಗೆ ನ್ಯಾಯಾಧೀಶರ ವಿವೇಚನೆಗೆ ಬಿಟ್ಟದ್ದು. ಅರ್ಜಿಯನ್ನು ಕೈಗೆತ್ತಿಕೊಳ್ಳಬೇಕೇ, ನಡೆದದ್ದು ಉದ್ದೇಶಪೂರ್ವಕವೇ, ಕ್ಷಮೆ ಸಾಕೇ, ಸೆರೆಮನೆ ಬೇಕೇ ಎಂಬ ಪ್ರತಿಯೊಂದು ಪ್ರಶ್ನೆಗೂ ಕಾನೂನು ಪೂರ್ಣ ಉತ್ತರ ಕೊಡುವುದಿಲ್ಲ. ಆ ವಿವೇಚನೆ ಎಲ್ಲೆಲ್ಲಿ ಕೆಲಸ ಮಾಡುತ್ತದೆ, ಇಷ್ಟು ವರ್ಷ ಹೇಗೆ ಬಳಕೆಯಾಗಿದೆ, ಯಾರನ್ನು ಕಣ್ಣಮುಂದೆ ಇಟ್ಟುಕೊಂಡು ಬಳಕೆಯಾಗಬೇಕು ಎಂಬುದನ್ನು ನೋಡುವುದು ಈ ಲೇಖನದ ಕೆಲಸ.

ಪದವೊಂದು ಮರೆಮಾಡಿದ ಸಂಗತಿ

ಕನ್ನಡದಲ್ಲಿ ‘ನಿಂದನೆ’ ಎಂದರೆ ಬೈಗುಳ, ಹಳಿಯುವಿಕೆ. ಹೀಗಾಗಿ ನ್ಯಾಯಾಂಗ ನಿಂದನೆ ಎಂದೊಡನೆ ಯಾರೋ ನ್ಯಾಯಾಧೀಶರನ್ನು ಟೀಕಿಸಿದರು, ಪತ್ರಿಕೆಯಲ್ಲಿ ಬರೆದರು, ಟ್ವೀಟ್ ಮಾಡಿದರು ಎಂದೇ ಓದುಗರು ಊಹಿಸುತ್ತಾರೆ. ಅದು ಕ್ರಿಮಿನಲ್ ನಿಂದನೆ. ಸಿವಿಲ್ ನಿಂದನೆಯಲ್ಲಿ ಬೈಗುಳದ ಸುಳಿವೂ ಇರಬೇಕಿಲ್ಲ. ನ್ಯಾಯಾಲಯದ ಬಗ್ಗೆ ಅತ್ಯಂತ ವಿನಯದಿಂದ ಮಾತನಾಡುತ್ತಲೇ ಅದರ ಆದೇಶವನ್ನು ವರ್ಷಗಟ್ಟಲೆ ಪಾಲಿಸದೆ ಕುಳಿತವನೂ ಸಿವಿಲ್ ನಿಂದಕನೇ. ಆಜ್ಞೆಯ ಉಲ್ಲಂಘನೆ, ಕೊಟ್ಟ ಮುಚ್ಚಳಿಕೆಗೆ ತಪ್ಪುವುದು, ಇವೇ ಇದರ ತಿರುಳು.

ಸಾರ್ವಜನಿಕ ಚರ್ಚೆ ಹೆಚ್ಚಾಗಿ ನಡೆಯುವುದು ಮೊದಲನೆಯದರ ಸುತ್ತ. ಲೆಕ್ಕ ಮಾತ್ರ ಬೇರೆಯೇ ಹೇಳುತ್ತದೆ. ಕಾನೂನು ಆಯೋಗವು 2018ರಲ್ಲಿ ಕೊಟ್ಟ ತನ್ನ 274ನೇ ವರದಿಯಲ್ಲಿ ಉಲ್ಲೇಖಿಸಿದ ಅಂಕಿಗಳ ಪ್ರಕಾರ, ದೇಶದ ಹೈಕೋರ್ಟುಗಳು ಮತ್ತು ಸುಪ್ರೀಂ ಕೋರ್ಟಿನಲ್ಲಿ ಬಾಕಿ ಇದ್ದ ಕ್ರಿಮಿನಲ್ ನಿಂದನೆ ಪ್ರಕರಣಗಳು ಆರು ನೂರಕ್ಕೂ ಕಡಿಮೆ. ಸಿವಿಲ್ ನಿಂದನೆಯ ಪ್ರಕರಣಗಳು ಸುಮಾರು 97 ಸಾವಿರ. ನೂರರಲ್ಲಿ ತೊಂಬತ್ತೊಂಬತ್ತು ಅರ್ಜಿಗಳ ಹಿಂದೆ ಇರುವುದು ‘ಆದೇಶ ಸಿಕ್ಕಿದೆ, ಪಾಲನೆಯಾಗಿಲ್ಲ’ ಎಂಬ ದೂರು.

ಕಾನೂನಿನ ಚೌಕಟ್ಟು

ಈ ಅಧಿಕಾರದ ಬೇರು ಸಂವಿಧಾನದಲ್ಲಿದೆ. 129ನೇ ವಿಧಿ ಸುಪ್ರೀಂ ಕೋರ್ಟಿಗೂ 215ನೇ ವಿಧಿ ಹೈಕೋರ್ಟುಗಳಿಗೂ ತಮ್ಮ ನಿಂದನೆಯನ್ನು ದಂಡಿಸುವ ಅಧಿಕಾರ ಕೊಟ್ಟಿವೆ. ಕೆಳಗಿನ ನ್ಯಾಯಾಲಯಗಳ ನಿಂದನೆಯನ್ನು ದಂಡಿಸುವವರೂ ಹೈಕೋರ್ಟುಗಳೇ. ಶಾಸನಗಳು ಈ ಅಧಿಕಾರಕ್ಕೆ ರೂಪ ಕೊಟ್ಟವು: ಮೊದಲು 1926ರದ್ದು, ಆಮೇಲೆ 1952ರದ್ದು, ಸನ್ಯಾಲ್ ಸಮಿತಿಯ 1963ರ ವರದಿಯ ನಂತರ ಈಗ ಜಾರಿಯಲ್ಲಿರುವ 1971ರ ನ್ಯಾಯಾಲಯ ನಿಂದನೆ ಕಾಯ್ದೆ.

1971ರ ಕಾಯ್ದೆಯ 2(ಬಿ) ಕಲಮು ಸಿವಿಲ್ ನಿಂದನೆಯನ್ನು ಎರಡು ಬಗೆಯಾಗಿ ಹೇಳುತ್ತದೆ. ನ್ಯಾಯಾಲಯದ ತೀರ್ಪು, ಡಿಕ್ರಿ, ನಿರ್ದೇಶನ, ಆದೇಶ, ರಿಟ್ ಇತ್ಯಾದಿಗಳನ್ನು ಬೇಕೆಂದೇ ಪಾಲಿಸದಿರುವುದು ಒಂದು. ನ್ಯಾಯಾಲಯಕ್ಕೆ ಕೊಟ್ಟ ಮುಚ್ಚಳಿಕೆಯನ್ನು ಬೇಕೆಂದೇ ಮುರಿಯುವುದು ಇನ್ನೊಂದು. ಎರಡರಲ್ಲೂ ‘ಬೇಕೆಂದೇ’ ಎಂಬ ಮಾತಿದೆ, ಎಲ್ಲ ವಾದವೂ ಸುತ್ತುವುದು ಅದರ ಸುತ್ತಲೇ. 12ನೇ ಕಲಮಿನ ಪ್ರಕಾರ ಗರಿಷ್ಠ ಶಿಕ್ಷೆ ಆರು ತಿಂಗಳ ಸಾದಾ ಸಜೆ, ಅಥವಾ 2,000 ರೂಪಾಯಿ ದಂಡ, ಅಥವಾ ಎರಡೂ. ಸಿವಿಲ್ ನಿಂದನೆಗೆ ಇನ್ನೊಂದು ಒಳನಿಯಮವಿದೆ: ದಂಡದಿಂದ ನ್ಯಾಯದ ಉದ್ದೇಶ ಈಡೇರದು, ಬಂಧನವೇ ಬೇಕು ಎಂದು ನ್ಯಾಯಾಲಯಕ್ಕೆ ಅನ್ನಿಸಿದರೆ ಮಾತ್ರ ಸಿವಿಲ್ ಸೆರೆಮನೆಯಲ್ಲಿ ಆರು ತಿಂಗಳು ಮೀರದಂತೆ ಇಡಬಹುದು. ದಂಡ ಸಾಮಾನ್ಯ ನಿಯಮ, ಸೆರೆ ಅಪವಾದ ಎಂದು ಸುಪ್ರೀಂ ಕೋರ್ಟ್ 1979ರಲ್ಲಿ ಈ ನಿಯಮವನ್ನು ಬಿಡಿಸಿ ಹೇಳಿತು. ನ್ಯಾಯದಾನಕ್ಕೆ ಗಣನೀಯ ಅಡ್ಡಿಯಾಗದ ಹೊರತು ಶಿಕ್ಷೆಯೇ ಕೂಡದು ಎನ್ನುವುದು 13ನೇ ಕಲಮು.

ಆ 2,000 ರೂಪಾಯಿಯ ಮೇಲೆ ಒಂದು ಕ್ಷಣ ನಿಲ್ಲಬೇಕು. ಅದೇ ಮೊತ್ತ 1926ರ ಕಾಯ್ದೆಯಲ್ಲೂ ಇತ್ತು. ಅಂದು ಅದು ಒಂದು ಕುಟುಂಬದ ಆಸ್ತಿಯನ್ನೇ ಅಲುಗಿಸಬಹುದಾಗಿದ್ದ ಹಣ. ಇಂದು ಒಬ್ಬ ಹಿರಿಯ ಅಧಿಕಾರಿಯ ಒಂದು ದಿನದ ಸಂಬಳಕ್ಕೂ ಸಾಟಿಯಲ್ಲ. ದಂಡ ಹೀಗೆ ಹಗುರಾದಂತೆ ನ್ಯಾಯಾಧೀಶರ ಮುಂದೆ ಉಳಿಯುವುದು ಎರಡೇ ಹಾದಿ: ಸೆರೆಮನೆ, ಇಲ್ಲವೇ ಕ್ಷಮೆ. ನಡುವಿನ ದಾರಿಯನ್ನು ರೂಪಾಯಿಯ ಮೌಲ್ಯಕುಸಿತವೇ ಮುಚ್ಚಿಬಿಟ್ಟಿದೆ.

ವಿವೇಚನೆಯ ಮೆಟ್ಟಿಲುಗಳು

ನಿಂದನೆಯ ಅರ್ಜಿಯೊಂದು ಸಾಗುವ ಹಾದಿಯಲ್ಲಿ ವಿವೇಚನೆ ಒಂದೇ ಕಡೆ ಕುಳಿತಿಲ್ಲ, ಮೆಟ್ಟಿಲು ಮೆಟ್ಟಿಲಿನಲ್ಲೂ ಇದೆ.

ಮೊದಲ ಮೆಟ್ಟಿಲು, ಆದೇಶ ಏನು ಹೇಳಿತ್ತು ಎಂಬುದು. ನಿಂದನೆಯ ಪೀಠ ಮೂಲ ಆದೇಶದ ನಾಲ್ಕು ಅಂಚುಗಳ ಒಳಗೇ ಇರಬೇಕು. ಅದರಲ್ಲಿ ಇಲ್ಲದ್ದನ್ನು ಸೇರಿಸಬಾರದು, ಹೊಸ ಹಕ್ಕನ್ನು ಕೊಡಬಾರದು. ಒಎನ್‌ಜಿಸಿಯ ಮುಖ್ಯಸ್ಥರ ವಿರುದ್ಧದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2014ರಲ್ಲಿ ಇದನ್ನು ಖಚಿತವಾಗಿ ಹೇಳಿತು. ಅದೇ ವರ್ಷದ ಇನ್ನೊಂದು ತೀರ್ಪಿನ ಸಾರವೂ ಹತ್ತಿರದ್ದೇ: ಆದೇಶಕ್ಕೆ ಎರಡು ಸಮಂಜಸ ಅರ್ಥಗಳಿದ್ದು ಪ್ರತಿವಾದಿ ಒಂದನ್ನು ಪ್ರಾಮಾಣಿಕವಾಗಿ ಅನುಸರಿಸಿದ್ದರೆ ಅದು ನಿಂದನೆಯಾಗದು. ಇಲ್ಲಿ ಹೊಣೆ ಮೂಲ ಆದೇಶ ಬರೆದವರಿಗೂ ತಟ್ಟುತ್ತದೆ. ‘ಅರ್ಜಿದಾರನ ಮನವಿಯನ್ನು ಕಾನೂನಿನಂತೆ ಪರಿಗಣಿಸಿ’ ಎಂದಷ್ಟೇ ಬರೆದ ಆದೇಶವನ್ನು ಅಧಿಕಾರಿ ಒಂದೇ ಸಾಲಿನಲ್ಲಿ ತಿರಸ್ಕರಿಸಿದರೂ ‘ಪರಿಗಣಿಸಿದ್ದೇನೆ’ ಎನ್ನಬಹುದು. ಯಾರು, ಏನನ್ನು, ಯಾವ ದಿನದೊಳಗೆ ಮಾಡಬೇಕು ಎಂದು ಹೇಳದ ಆದೇಶ ಹುಟ್ಟುವಾಗಲೇ ಕುಂಟು.

ಎರಡನೆಯದು ‘ಬೇಕೆಂದೇ’ ಎಂಬುದರ ಪರೀಕ್ಷೆ. ಪಾಲನೆಯಾಗಿಲ್ಲ ಎಂಬುದಷ್ಟೇ ಸಾಲದು. ಗೊತ್ತಿದ್ದೂ, ಮಾಡುವ ಶಕ್ತಿ ಇದ್ದೂ ಮಾಡಲಿಲ್ಲ ಎಂಬುದು ಸಂಶಯಕ್ಕೆ ಎಡೆಯಿಲ್ಲದಂತೆ ಕಾಣಬೇಕು. ಈ ವಿಚಾರಣೆ ಅರ್ಧ ಕ್ರಿಮಿನಲ್ ಸ್ವರೂಪದ್ದು ಎಂದು ನ್ಯಾಯಾಲಯಗಳು ಮತ್ತೆ ಮತ್ತೆ ಹೇಳಿವೆ. ಕೈಲಾಗದ್ದಕ್ಕೂ ಮಾಡಲೊಲ್ಲದ್ದಕ್ಕೂ ನಡುವಿನ ಗೆರೆ ಎಳೆಯುವುದೇ ನಿಜವಾದ ಕಸುಬು. ಕೈಮೀರಿದ ಪರಿಸ್ಥಿತಿಯಿಂದ ಪಾಲನೆ ತಡವಾದರೆ ಅದು ಉದ್ದೇಶಪೂರ್ವಕವಲ್ಲ ಎಂದು 1994ರ ಹರಿಯಾಣದ ಪ್ರಕರಣ ಹೇಳಿತು. 1981ರ ಪ್ರಕರಣವೊಂದರಲ್ಲಿ ಮಗುವನ್ನು ಹಾಜರುಪಡಿಸಲು ಹೇಳಿದಾಗ ತನ್ನಿಂದಾಗದು ಎಂದ ತಂದೆಯ ಮಾತನ್ನು ನಂಬದೆ, ಹೈಕೋರ್ಟ್ ಕೊಟ್ಟ ಸಜೆಯನ್ನು ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ಎರಡೂ ಕಡೆ ನಿಯಮ ಒಂದೇ. ಸತ್ಯಾಂಶದ ತೂಕ ಬೇರೆ.

ಮೂರನೆಯದು ಸಮಯದ್ದು. 20ನೇ ಕಲಮಿನಂತೆ ನಿಂದನೆ ನಡೆದ ಒಂದು ವರ್ಷದೊಳಗೆ ಕ್ರಮ ಆರಂಭವಾಗಬೇಕು. ಆ ಅವಧಿಯೊಳಗೆ ಅರ್ಜಿ ಸಲ್ಲಿಸಿದರೆ ಸಾಕು, ನ್ಯಾಯಾಲಯದ ನೋಟಿಸ್ ಆಮೇಲೆ ಹೊರಟರೂ ಅಡ್ಡಿಯಿಲ್ಲ ಎಂದು 2001ರಲ್ಲಿ ತೀರ್ಮಾನವಾದದ್ದು ಕಕ್ಷಿದಾರರಿಗೆ ದೊಡ್ಡ ನೆಮ್ಮದಿ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ. ಆದರೆ ತಡೆಯಾಜ್ಞೆಯ ಕೋರಿಕೆ ಮೇಲಿನ ಪೀಠದ ಮುಂದೆ ಕಾಯುತ್ತಿರುವಾಗ ಮೊದಲು ಅದನ್ನು ಕೇಳಿ ಮುಗಿಸುವುದು ಲೇಸು ಎಂಬುದು 1995ರ ಮಾಡರ್ನ್ ಫುಡ್ ಪ್ರಕರಣದ ಪಾಠ. ವ್ಯವಹಾರದಲ್ಲಿ ಇದು ಎರಡಲಗಿನ ಕತ್ತಿ. ನಿಂದನೆಯ ನೋಟಿಸ್ ಬಂದ ಮೇಲಷ್ಟೇ ಸರ್ಕಾರಿ ವಕೀಲರು ಮೇಲ್ಮನವಿಯ ಕಡತ ಹುಡುಕುವುದು ಅಪರೂಪವಲ್ಲ.

ನಾಲ್ಕನೆಯದು ಕ್ಷಮೆ. ಕ್ಷಮಾಪಣೆ ತೃಪ್ತಿಕರವಾಗಿದ್ದರೆ ಶಿಕ್ಷೆಯನ್ನು ಕೈಬಿಡಬಹುದು. ಷರತ್ತಿನದ್ದೆಂಬ ಒಂದೇ ಕಾರಣಕ್ಕೆ ಪ್ರಾಮಾಣಿಕ ಕ್ಷಮೆಯನ್ನು ತಳ್ಳಿಹಾಕಬಾರದು ಎಂದೂ ಕಾಯ್ದೆ ಹೇಳುತ್ತದೆ. ಕ್ಷಮೆಯನ್ನು ಶಿಕ್ಷೆ ತಪ್ಪಿಸುವ ಗುರಾಣಿಯಾಗಿ ಹಿಡಿದು ಬಂದವರನ್ನು ನ್ಯಾಯಾಲಯಗಳು ಹಲವು ಬಾರಿ ಗದರಿದ್ದುಂಟು. ಆದರೂ ನನ್ನ ಮಟ್ಟಿಗೆ ಇಡೀ ಸರಣಿಯಲ್ಲಿ ಅತ್ಯಂತ ದುರ್ಬಲ ಕೊಂಡಿ ಇದೇ. ಕ್ರಿಮಿನಲ್ ನಿಂದನೆಯಲ್ಲಿ ನೋವಾದದ್ದು ನ್ಯಾಯಾಲಯದ ಘನತೆಗೆ, ಕ್ಷಮಿಸುವ ಹಕ್ಕೂ ಅದರದ್ದೇ. ಸಿವಿಲ್ ನಿಂದನೆಯಲ್ಲಿ ನೋವಾದದ್ದು ಆದೇಶ ಪಡೆದವನಿಗೆ. ಅವನ ಪರವಾಗಿ ಬೇರೆಯವರು ಕ್ಷಮಿಸುವುದು ಹೇಗೆ?

ಜಾರಿಯೋ ನಿಂದನೆಯೋ

ಕಕ್ಷಿದಾರ ನಿಂದನೆಯ ಬಾಗಿಲಿಗೇ ಯಾಕೆ ಬರಬೇಕು, ಡಿಕ್ರಿ ಜಾರಿ ಮಾಡಿಸಲು ಬೇರೆ ದಾರಿಯಿಲ್ಲವೇ? ಇದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದಲ್ಲಿ ಅಮಲ್ಜಾರಿಯ ಇಡೀ ವ್ಯವಸ್ಥೆಯಿದೆ. ತಡೆಯಾಜ್ಞೆ ಮುರಿದವನ ಆಸ್ತಿ ಜಪ್ತಿ ಮಾಡಲು, ಮೂರು ತಿಂಗಳವರೆಗೆ ಸಿವಿಲ್ ಸೆರೆಯಲ್ಲಿಡಲು 39ನೇ ಆದೇಶದ 2ಎ ನಿಯಮ ಕೆಳಗಿನ ನ್ಯಾಯಾಲಯಕ್ಕೇ ಅಧಿಕಾರ ಕೊಟ್ಟಿದೆ. ಆದ್ದರಿಂದಲೇ ನಿಂದನೆಯ ಅರ್ಜಿ ಅಮಲ್ಜಾರಿಗೆ ಬದಲಿಯಲ್ಲ ಎಂದು ಸುಪ್ರೀಂ ಕೋರ್ಟ್ 1999ರಲ್ಲಿ ಹೇಳಿತು. 2006ರಲ್ಲಿ ಕುಟುಂಬದೊಳಗಿನ ಕಂಪನಿ ವ್ಯಾಜ್ಯವೊಂದರಲ್ಲಿ ಅದೇ ನ್ಯಾಯಾಲಯ ಮತ್ತೊಂದು ಮುಖವನ್ನೂ ತೋರಿಸಿತು: ಜಾರಿಯ ದಾರಿ ತೆರೆದಿದೆ ಎಂಬ ಕಾರಣಕ್ಕೇ ನಿಂದನೆಯ ಬಾಗಿಲು ಮುಚ್ಚುವುದಿಲ್ಲ. ರಾಜಿ ಡಿಕ್ರಿಯಲ್ಲಿ ನ್ಯಾಯಾಲಯಕ್ಕೆ ಮುಚ್ಚಳಿಕೆ ಇತ್ತೇ ಇಲ್ಲವೇ ಎಂಬ ಸೂಕ್ಷ್ಮದ ಮೇಲೂ ದಶಕಗಳಿಂದ ವಾದ ನಡೆದು ಬಂದಿದೆ. ಪಕ್ಷಗಾರರು ಪರಸ್ಪರ ಒಪ್ಪಿಕೊಂಡದ್ದು ಒಂದು, ಅವರಲ್ಲೊಬ್ಬ ನ್ಯಾಯಪೀಠಕ್ಕೇ ಮಾತು ಕೊಟ್ಟದ್ದು ಇನ್ನೊಂದು.

ಕಾನೂನಿನ ಪುಸ್ತಕದಲ್ಲಿ ಈ ವಿಭಜನೆ ಚೊಕ್ಕಟವಾಗಿದೆ. ಆದರೆ ಅಮಲ್ಜಾರಿ ಅರ್ಜಿಯೇ ಇನ್ನೊಂದು ದಾವೆಯಷ್ಟು ವರ್ಷ ನಡೆಯುವ ನಾಡಿನಲ್ಲಿ ‘ಅಲ್ಲಿಗೆ ಹೋಗು’ ಎಂದು ಕಳಿಸುವುದು ಗೆದ್ದವನನ್ನು ಮತ್ತೆ ಸರದಿಯ ಕೊನೆಗೆ ನಿಲ್ಲಿಸಿದಂತೆ. ಬೆಂಗಳೂರಿನ ಜಮೀನಿನ ವ್ಯಾಜ್ಯವೊಂದರಿಂದ ಹುಟ್ಟಿದ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2021ರಲ್ಲಿ ಈ ದುಃಸ್ಥಿತಿಯನ್ನು ವಿವರವಾಗಿ ಪರಿಶೀಲಿಸಿ, ಅಮಲ್ಜಾರಿ ಅರ್ಜಿಗಳನ್ನು ಸಲ್ಲಿಸಿದ ಆರು ತಿಂಗಳೊಳಗೆ ಮುಗಿಸಬೇಕೆಂದು ದೇಶದ ಎಲ್ಲ ನ್ಯಾಯಾಲಯಗಳಿಗೆ ನಿರ್ದೇಶನ ಕೊಟ್ಟಿತು. 2025ರಲ್ಲಿ ಅದೇ ನ್ಯಾಯಾಲಯ ಬಾಕಿ ಅಮಲ್ಜಾರಿ ಅರ್ಜಿಗಳ ಬಗ್ಗೆ ಹೈಕೋರ್ಟುಗಳಿಂದ ಲೆಕ್ಕ ಕೇಳಬೇಕಾಗಿ ಬಂತು. ಅಮಲ್ಜಾರಿ ನಡೆಯುವ ದಿನ ನಿಂದನೆಯ ಅರ್ಜಿಗಳು ತಾವಾಗಿಯೇ ಇಳಿಯುತ್ತವೆ.

ಸರ್ಕಾರವೇ ಕಟಕಟೆಯಲ್ಲಿ

ದೇವರು ವರ ಕೊಟ್ಟರೂ ಪೂಜಾರಿ ಕೊಡಲೊಲ್ಲ ಎಂಬ ಮಾತು ಸಿವಿಲ್ ನಿಂದನೆಯ ಪಟ್ಟಿಯ ಮುಂದೆ ಕುಳಿತವರಿಗೆ ಪದೇ ಪದೇ ನೆನಪಾಗುತ್ತದೆ. ಸೇವಾ ಹಿರಿತನ, ಬಡ್ತಿ, ಪಿಂಚಣಿ, ಅನುಕಂಪದ ನೇಮಕಾತಿ, ಭೂಸ್ವಾಧೀನ ಪರಿಹಾರ: ಇಂಥ ವಿಷಯಗಳಲ್ಲಿ ಆದೇಶ ಪಾಲಿಸಬೇಕಾದದ್ದು ಸರ್ಕಾರ. ಅಧಿಕಾರಿಗಳು ವರ್ಗವಾಗುತ್ತಾರೆ, ಹೊಸಬರು ‘ಕಡತ ತರಿಸಿಕೊಳ್ಳುತ್ತಿದ್ದೇನೆ’ ಎನ್ನುತ್ತಾರೆ, ಹಣಕಾಸು ಇಲಾಖೆಯ ಒಪ್ಪಿಗೆ ಕಾಯಬೇಕಾಗುತ್ತದೆ. ಇವುಗಳಲ್ಲಿ ಕೆಲವು ನಿಜವಾದ ಅಡಚಣೆಗಳು, ಕೆಲವು ಅಭ್ಯಾಸಬಲ. ಬೇರ್ಪಡಿಸಿ ನೋಡಬೇಕಾದದ್ದು ಪೀಠ.

ಕರ್ನಾಟಕದ ಆಡಳಿತ ವಲಯ ಬಹುಕಾಲ ಮರೆಯದ ಪ್ರಕರಣ 1995ರದ್ದು. ಬೆಂಗಳೂರು ಪಾಲಿಕೆಯ ಎಂಜಿನಿಯರೊಬ್ಬರ ಸೇವಾ ಹಕ್ಕಿನ ಆದೇಶ ಪಾಲನೆಯಾಗದ್ದಕ್ಕೆ ರಾಜ್ಯದ ಹಿರಿಯ ಐಎಎಸ್ ಅಧಿಕಾರಿಯೊಬ್ಬರಿಗೆ ಸುಪ್ರೀಂ ಕೋರ್ಟ್ ಒಂದು ತಿಂಗಳ ಸಜೆ ವಿಧಿಸಿತು. ಅದಕ್ಕೆ ಒಂದು ವರ್ಷ ಮುಂಚೆ, 1994ರ ಅಕ್ಟೋಬರಿನಲ್ಲಿ, ಅಯೋಧ್ಯೆಯಲ್ಲಿ 1992ರ ಜುಲೈನಲ್ಲಿ ನಡೆದ ಕಟ್ಟಡ ಕೆಲಸವನ್ನು ತಡೆಯದ ಕಾರಣಕ್ಕೆ ಉತ್ತರ ಪ್ರದೇಶದ ಮುಖ್ಯಮಂತ್ರಿಯಾಗಿದ್ದ ಕಲ್ಯಾಣ್ ಸಿಂಗ್ ಅವರಿಗೆ ಅದೇ ನ್ಯಾಯಾಲಯ ಕೊಟ್ಟದ್ದು ಸಾಂಕೇತಿಕವಾಗಿ ಒಂದು ದಿನದ ಸೆರೆ ಮತ್ತು 2,000 ರೂಪಾಯಿ ದಂಡ. ಒಬ್ಬ ನೌಕರನ ಬಡ್ತಿಯ ವಿಷಯಕ್ಕೆ ಮೂವತ್ತು ದಿನ, ಇಡೀ ದೇಶವನ್ನು ತಟ್ಟಿದ ಉಲ್ಲಂಘನೆಗೆ ಒಂದು ದಿನ. ಎರಡಕ್ಕೂ ಅವುಗಳದ್ದೇ ಕಾರಣಗಳು ತೀರ್ಪಿನಲ್ಲಿ ಇರಬಹುದು, ಪಕ್ಕಪಕ್ಕದಲ್ಲಿಟ್ಟು ನೋಡುವ ನಾಗರಿಕನಿಗೆ ಮಾತ್ರ ಅಳತೆಗೋಲು ಕಾಣುವುದಿಲ್ಲ. 2006ರಲ್ಲಿ ಮಹಾರಾಷ್ಟ್ರದ ಮಂತ್ರಿ ಸ್ವರೂಪ್ ಸಿಂಗ್ ನಾಯ್ಕ್ ಮತ್ತು ಅರಣ್ಯ ಇಲಾಖೆಯ ಪ್ರಧಾನ ಕಾರ್ಯದರ್ಶಿಗೆ ಅರಣ್ಯ ರಕ್ಷಣೆಯ ಆದೇಶ ಮೀರಿ ಗರಗಸ ಕಾರ್ಖಾನೆಗಳಿಗೆ ಅನುಮತಿ ಕೊಟ್ಟದ್ದಕ್ಕೆ ತಲಾ ಒಂದು ತಿಂಗಳ ಸಜೆಯಾಯಿತು. ಕ್ಷಮೆ ಕೇಳಿದರೂ ನ್ಯಾಯಾಲಯ ಒಪ್ಪಲಿಲ್ಲ.

ಗಟ್ಟಿತನಕ್ಕೂ ಮಿತಿಯುಂಟು. ಅಲಹಾಬಾದ್ ಹೈಕೋರ್ಟ್ ನಿವೃತ್ತ ನ್ಯಾಯಮೂರ್ತಿಗಳ ಸೌಲಭ್ಯಗಳ ಪ್ರಕರಣದಲ್ಲಿ ಉತ್ತರ ಪ್ರದೇಶದ ಹಣಕಾಸು ಇಲಾಖೆಯ ಅಧಿಕಾರಿಗಳನ್ನು ವಶಕ್ಕೆ ತೆಗೆದುಕೊಳ್ಳಲು ಹೇಳಿದಾಗ, ಸುಪ್ರೀಂ ಕೋರ್ಟ್ 2024ರ ಜನವರಿಯಲ್ಲಿ ಆ ಆದೇಶಗಳನ್ನು ರದ್ದುಪಡಿಸಿತು. ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರ ಪೀಠ ಜೊತೆಗೇ ಅಧಿಕಾರಿಗಳನ್ನು ಕರೆಸುವ ಬಗ್ಗೆ ಕಾರ್ಯವಿಧಾನವನ್ನೂ ರೂಪಿಸಿತು. ಖುದ್ದು ಹಾಜರಾತಿ ವಾಡಿಕೆಯಾಗಬಾರದು, ಕರೆಸಬೇಕಾದರೆ ಮೊದಲ ಆಯ್ಕೆ ವಿಡಿಯೊ ಮೂಲಕ, ಉಡುಪಿನ ಬಗ್ಗೆ ಟೀಕೆ ಬೇಡ, ನಿಂದನೆಯ ಅಧಿಕಾರದಲ್ಲಿ ಸಂಯಮ ಬೇಕು, ಪಾಲನೆಗೆ ಕಾಲಾವಕಾಶ ಕೇಳಿದರೆ ಪರಿಗಣಿಸಬೇಕು. ಇವೆಲ್ಲ ಸರಿಯಾದ ಮಾತುಗಳೇ. ಒಬ್ಬ ಕಾರ್ಯದರ್ಶಿಯನ್ನು ಇಡೀ ದಿನ ನ್ಯಾಯಾಲಯದ ಹಿಂಬದಿ ಬೆಂಚಿನಲ್ಲಿ ಕೂರಿಸಿದರೆ ಅವರ ಇಲಾಖೆಗಾಗಿ ಕಾಯುವ ನೂರಾರು ಜನರ ಕೆಲಸವೂ ನಿಲ್ಲುತ್ತದೆ.

ಆದರೆ ಬಡವನ ಮನೆ ಉರುಳಿದಾಗ? 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಮುಂದೆ ಬಂದ ಆಂಧ್ರದ ಡೆಪ್ಯುಟಿ ಕಲೆಕ್ಟರ್ ಒಬ್ಬರು ಹಿಂದೆ ತಹಶೀಲ್ದಾರರಾಗಿದ್ದಾಗ, ಹೈಕೋರ್ಟಿನ ಆದೇಶ ಇದ್ದರೂ ಗುಂಟೂರು ಜಿಲ್ಲೆಯಲ್ಲಿ ಗುಡಿಸಲುಗಳನ್ನು ಕೆಡವಿಸಿದ್ದರು. ಹೈಕೋರ್ಟ್ ಎರಡು ತಿಂಗಳ ಸಜೆ ಕೊಟ್ಟಿತ್ತು. ಸುಪ್ರೀಂ ಕೋರ್ಟ್ ಸೆರೆಮನೆ ತಪ್ಪಿಸಿ, ಅವರನ್ನು ಮತ್ತೆ ತಹಶೀಲ್ದಾರ್ ಹುದ್ದೆಗೆ ಇಳಿಸಿ, ಒಂದು ಲಕ್ಷ ರೂಪಾಯಿ ದಂಡ ಹಾಕಿತು. ಕಾಯ್ದೆಯ ಪಟ್ಟಿಯಲ್ಲಿ ಎಲ್ಲೂ ಇಲ್ಲದ ಶಿಕ್ಷೆ ಇದು. ಅವರ ಕುಟುಂಬಕ್ಕೆ ದಯೆ, ಅಧಿಕಾರಕ್ಕೆ ಎಚ್ಚರಿಕೆ ಎರಡನ್ನೂ ಒಟ್ಟಿಗೆ ತರುವ ಪ್ರಯತ್ನ ಅದು. ಸಂವಿಧಾನ ಕೊಟ್ಟ ವಿವೇಚನೆ ಎಷ್ಟು ಅಗಲವಾದದ್ದು ಎಂಬುದಕ್ಕೂ ಇದೇ ಸಾಕ್ಷಿ.

ಹಣವಂತರ ಮುಚ್ಚಳಿಕೆ

ವಿವೇಚನೆ ತನ್ನ ಗುರಿಯನ್ನು ನೇರವಾಗಿ ಮುಟ್ಟಿದ ಪ್ರಕರಣ ಬೇಕೆಂದರೆ ಎರಿಕ್ಸನ್ ಕಂಪನಿಯ ಬಾಕಿಯದ್ದನ್ನು ನೋಡಬೇಕು. ರಿಲಯನ್ಸ್ ಕಮ್ಯುನಿಕೇಷನ್ಸ್ 550 ಕೋಟಿ ರೂಪಾಯಿ ಕೊಡುವುದಾಗಿ ನ್ಯಾಯಾಲಯಕ್ಕೆ ಮಾತು ಕೊಟ್ಟು ತಪ್ಪಿತ್ತು. ನ್ಯಾಯಮೂರ್ತಿಗಳಾದ ರೋಹಿಂಟನ್ ನಾರಿಮನ್ ಮತ್ತು ವಿನೀತ್ ಸರನ್ ಅವರ ಪೀಠ 2019ರ ಫೆಬ್ರವರಿ 20ರಂದು ಅನಿಲ್ ಅಂಬಾನಿ ಮತ್ತು ಇನ್ನಿಬ್ಬರು ಮುಖ್ಯಸ್ಥರನ್ನು ತಪ್ಪಿತಸ್ಥರೆಂದಿತು. ಉಳಿದ 453 ಕೋಟಿಯನ್ನು ನಾಲ್ಕು ವಾರದೊಳಗೆ ಕೊಡಬೇಕು, ಇಲ್ಲವಾದರೆ ಮೂರು ತಿಂಗಳು ಸೆರೆ. ಮೂರು ಕಂಪನಿಗಳಿಗೆ ತಲಾ ಒಂದು ಕೋಟಿ ದಂಡ. ಗಡುವಿಗೆ ಒಂದು ದಿನ ಇರುವಾಗ ಹಣ ಸಂದಾಯವಾಯಿತು. ಯಾರೂ ಜೈಲಿಗೆ ಹೋಗಲಿಲ್ಲ, ಗೆದ್ದವರಿಗೆ ಹಣ ಸಿಕ್ಕಿತು. ಸೆರೆಮನೆಯ ಬಾಗಿಲು ತೆರೆದಿಟ್ಟು, ಅದರ ಬೀಗದ ಕೈಯನ್ನು ತಪ್ಪಿತಸ್ಥನ ಕೈಗೇ ಕೊಟ್ಟ ಆದೇಶ ಅದು.

ಇದಕ್ಕೆ ಎದುರಾಗಿ ನಿಲ್ಲುವುದು ವಿಜಯ್ ಮಲ್ಯ ಅವರ ಪ್ರಕರಣ. ಕರ್ನಾಟಕ ಹೈಕೋರ್ಟಿನ ನಿರ್ಬಂಧದ ಆದೇಶಗಳನ್ನು ಮೀರಿ ಡಿಯಾಜಿಯೊ ಕಂಪನಿಯಿಂದ ಬಂದ 4 ಕೋಟಿ ಡಾಲರ್ ಹಣವನ್ನು ಮಕ್ಕಳ ಹೆಸರಿಗೆ ವರ್ಗಾಯಿಸಿದರೆಂದೂ ಆಸ್ತಿ ವಿವರ ಮುಚ್ಚಿಟ್ಟರೆಂದೂ ಸುಪ್ರೀಂ ಕೋರ್ಟ್ 2017ರ ಮೇ ತಿಂಗಳಲ್ಲಿ ಅವರನ್ನು ತಪ್ಪಿತಸ್ಥರೆಂದಿತು. ಅಷ್ಟರಲ್ಲಿ ಅವರು ಬ್ರಿಟನ್ನಿಗೆ ತೆರಳಿ ಒಂದು ವರ್ಷ ದಾಟಿತ್ತು. ಶಿಕ್ಷೆ ಪ್ರಕಟವಾದದ್ದು 2022ರ ಜುಲೈನಲ್ಲಿ: ನಾಲ್ಕು ತಿಂಗಳ ಸಜೆ, 2,000 ರೂಪಾಯಿ ದಂಡ. ಆ ಹಣವನ್ನು ಶೇ 8ರ ಬಡ್ಡಿಯೊಂದಿಗೆ ಮರಳಿ ಕಟ್ಟುವಂತೆಯೂ ಆದೇಶವಾಯಿತು. 4 ಕೋಟಿ ಡಾಲರ್ ಮತ್ತು 2,000 ರೂಪಾಯಿ ಒಂದೇ ಆದೇಶದಲ್ಲಿ ಕೂತಾಗ ಕಾಯ್ದೆಯ ದಂಡ ಎಷ್ಟು ಸವೆದಿದೆ ಎಂಬುದು ಬೇರೆ ವಿವರಣೆ ಬೇಡದಂತೆ ಕಾಣುತ್ತದೆ.

ಸಹಾರಾ ಪ್ರಕರಣ ಇನ್ನೊಂದು ತುದಿ. ಹೂಡಿಕೆದಾರರ ಹಣ ಮರಳಿಸುವ 2012ರ ಆದೇಶ ಪಾಲನೆಯಾಗದ್ದಕ್ಕೆ ಸುಬ್ರತಾ ರಾಯ್ ಅವರನ್ನು 2014ರ ಮಾರ್ಚಿನಲ್ಲಿ ತಿಹಾರಿಗೆ ಕಳಿಸಲಾಯಿತು. ಅವರು ಪೆರೋಲಿನ ಮೇಲೆ ಹೊರಬಂದದ್ದು 2016ರ ಮೇ ತಿಂಗಳಲ್ಲಿ. ನಿಂದನೆಗೆ ಕಾಯ್ದೆ ಹೇಳುವ ಗರಿಷ್ಠ ಅವಧಿ ಆರು ತಿಂಗಳು, ಒಳಗಿದ್ದದ್ದು ಎರಡು ವರ್ಷಕ್ಕೂ ಹೆಚ್ಚು. ಅದು ಶಿಕ್ಷೆಯಲ್ಲ, ಆದೇಶ ಪಾಲಿಸುವಂತೆ ಮಾಡುವ ಒತ್ತಾಯ ಎಂಬುದು ನ್ಯಾಯಾಲಯದ ನಿಲುವು. ಲಕ್ಷಾಂತರ ಸಣ್ಣ ಹೂಡಿಕೆದಾರರನ್ನು ನೆನೆದರೆ ಕಠೋರತೆ ಅರ್ಥವಾಗುತ್ತದೆ. ಆದರೂ ಶಿಕ್ಷೆಗೆ ಮಿತಿಯಿದ್ದು ಒತ್ತಾಯಕ್ಕೆ ಮಿತಿಯಿಲ್ಲ ಎಂದಾದರೆ ಕಾಯ್ದೆಯ ಆರು ತಿಂಗಳಿಗೆ ಅರ್ಥವೇನು ಎಂಬ ಪ್ರಶ್ನೆ ಹಾಗೇ ಉಳಿದಿದೆ.

ಉಲ್ಲಂಘನೆಯಿಂದ ಬಂದ ಲಾಭವನ್ನು ಕಿತ್ತುಕೊಳ್ಳುವುದು ಇವೆಲ್ಲಕ್ಕಿಂತ ಹರಿತವಾದ ಅಸ್ತ್ರ. ದೆಹಲಿ ಅಭಿವೃದ್ಧಿ ಪ್ರಾಧಿಕಾರ ಮತ್ತು ಸ್ಕಿಪ್ಪರ್ ಕಂಪನಿಯ ನಡುವಿನ 1996ರ ಪ್ರಕರಣ ಈ ತತ್ತ್ವವನ್ನು ಗಟ್ಟಿಗೊಳಿಸಿತು. ಆದೇಶ ಮೀರಿ ಮಾರಿದ್ದನ್ನು ಅನೂರ್ಜಿತ ಎನ್ನಬಹುದು, ಪಡೆದದ್ದನ್ನು ಮರಳಿಸುವಂತೆ ಮಾಡಬಹುದು. ಮುಚ್ಚಳಿಕೆ ಮುರಿದು ಭೂಮಿ ಮಾರಿದ ಗುಜರಾತಿನ ಪ್ರಕರಣದಲ್ಲಿ 2023ರಲ್ಲೂ ಸುಪ್ರೀಂ ಕೋರ್ಟ್ ಇದನ್ನೇ ಎತ್ತಿಹಿಡಿಯಿತು.

ನೀರಿನ ಮುಂದೆ ನಿಂತ ಅಧಿಕಾರ

ಎಲ್ಲ ಉಲ್ಲಂಘನೆಯ ಹಿಂದೆ ಒಬ್ಬ ಅಧಿಕಾರಿಯ ಸೋಮಾರಿತನವೋ ಒಬ್ಬ ಉದ್ಯಮಿಯ ಲೋಭವೋ ಇರುವುದಿಲ್ಲ. ಕಾವೇರಿಯ ವಿಷಯದಲ್ಲಿ ಕನ್ನಡಿಗರಿಗೆ ಇದನ್ನು ವಿವರಿಸಬೇಕಿಲ್ಲ. 2002ರ ಬರದಲ್ಲಿ ನೀರು ಬಿಡುವ ಆದೇಶದ ಪಾಲನೆ ಕುರಿತು ತಮಿಳುನಾಡು ಸಲ್ಲಿಸಿದ ನಿಂದನೆ ಅರ್ಜಿಯಲ್ಲಿ ಮುಖ್ಯಮಂತ್ರಿ ಎಸ್.ಎಂ. ಕೃಷ್ಣ ಕ್ಷಮೆ ಕೋರಿದರು, ನ್ಯಾಯಾಲಯ ಅದನ್ನು ಒಪ್ಪಿಕೊಂಡಿತು. 2016ರ ಸೆಪ್ಟೆಂಬರಿನಲ್ಲಿ ವಿಧಾನಮಂಡಲವೇ ಜಲಾಶಯದ ನೀರು ಕುಡಿಯಲು ಮಾತ್ರ ಎಂದು ನಿರ್ಣಯಿಸಿದಾಗ ಬಿಕ್ಕಟ್ಟು ಇನ್ನೂ ಬಿಗಿಯಾಯಿತು. 2018ರಲ್ಲಿ ಕಟಕಟೆಯಲ್ಲಿ ಇದ್ದದ್ದು ಕೇಂದ್ರ ಸರ್ಕಾರ. ಫೆಬ್ರವರಿ 16ರ ತೀರ್ಪಿನಂತೆ ನೀರು ನಿರ್ವಹಣೆಯ ಯೋಜನೆ ಆರು ವಾರದಲ್ಲಿ ಸಿದ್ಧವಾಗಲಿಲ್ಲ ಎಂದು ತಮಿಳುನಾಡು ದೂರಿತು. ಮೇ ತಿಂಗಳಲ್ಲಿ ಯೋಜನೆ ಬಂದಾಗ ನ್ಯಾಯಾಲಯ ನಿಂದನೆಯ ಮಾತನ್ನು ಅಲ್ಲಿಗೇ ಮುಗಿಸಿತು.

ಈ ಮೂರೂ ಸಂದರ್ಭದಲ್ಲಿ ಯಾರನ್ನೂ ಸೆರೆಗೆ ತಳ್ಳದೆ ಪಾಲನೆಯತ್ತ ದಾರಿ ಹುಡುಕಿದ್ದು ಸರಿಯೆಂದೇ ನನಗೆ ಅನ್ನಿಸುತ್ತದೆ. ಎರಡು ರಾಜ್ಯಗಳ ರೈತರ ಬದುಕು ಒಂದೇ ನದಿಯ ಮೇಲೆ ನಿಂತಿರುವಾಗ ಒಬ್ಬ ಮುಖ್ಯಮಂತ್ರಿಯನ್ನು ಜೈಲಿಗೆ ಕಳಿಸಿದರೆ ಕೆಆರ್‌ಎಸ್ಸಿನಲ್ಲಿ ನೀರು ಏರುವುದಿಲ್ಲ, ಮೆಟ್ಟೂರಿಗೆ ಹನಿ ಹೆಚ್ಚು ಹರಿಯುವುದಿಲ್ಲ.

ಹೊರಗಿನ ಎರಡು ಕನ್ನಡಿಗಳು

ಅಮೆರಿಕದ ನ್ಯಾಯಾಲಯಗಳು ಸಿವಿಲ್ ನಿಂದನೆಯನ್ನು ಒತ್ತಾಯದ ಸಾಧನವೆಂದೇ ನೋಡುತ್ತವೆ: ಪಾಲಿಸಿದ ಕ್ಷಣ ಬಿಡುಗಡೆ. ಆದರೆ ಪೆನ್ಸಿಲ್ವೇನಿಯಾದ ವಿಚ್ಛೇದನ ವ್ಯಾಜ್ಯವೊಂದರಲ್ಲಿ ಹಣ ಹಾಜರುಪಡಿಸದ ವಕೀಲರೊಬ್ಬರು 1995ರಿಂದ 2009ರವರೆಗೆ, ಹದಿನಾಲ್ಕು ವರ್ಷ ಒಳಗೇ ಇದ್ದರು. ಒತ್ತಾಯಕ್ಕೆ ಕೊನೆಯಿಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ಇದು ಎಚ್ಚರಿಕೆ. ಇಂಗ್ಲೆಂಡ್ 1981ರ ಕಾಯ್ದೆಯಲ್ಲಿ ಎರಡು ವರ್ಷಗಳ ಮಿತಿ ಹಾಕಿಕೊಂಡಿತು. 1993ರಲ್ಲಿ, ಆಶ್ರಯ ಕೋರಿದ್ದವನೊಬ್ಬನನ್ನು ಆದೇಶ ಮೀರಿ ಗಡಿಪಾರು ಮಾಡಿದ ಪ್ರಕರಣದಲ್ಲಿ ಅಲ್ಲಿನ ಹೌಸ್ ಆಫ್ ಲಾರ್ಡ್ಸ್ ಗೃಹಸಚಿವರನ್ನು ಅವರ ಹುದ್ದೆಯ ಹೆಸರಿನಲ್ಲೇ ನಿಂದನೆಯ ಹೊಣೆಗಾರ ಎಂದು ಸಾರಿತು. ಯಾರಿಗೂ ಸೆರೆಯಾಗಲಿಲ್ಲ. ಮಂತ್ರಿಯೂ ಆದೇಶಕ್ಕೆ ಬದ್ಧ ಎಂಬುದು ಮಾತ್ರ ಶಾಶ್ವತವಾಗಿ ಸ್ಥಾಪನೆಯಾಯಿತು.

ತಕ್ಕಡಿಯ ಮೂರನೆಯ ತಟ್ಟೆ

ಈ ಎಲ್ಲವನ್ನೂ ಒಟ್ಟಿಗೆ ನೋಡಿದಾಗ ಒಂದು ಕೊರತೆ ಎದ್ದು ಕಾಣುತ್ತದೆ. ನಿಂದನೆ ಎಂಬುದು ನ್ಯಾಯಾಲಯಕ್ಕೂ ನಿಂದಕನಿಗೂ ನಡುವಿನ ವಿಷಯ, ಅರ್ಜಿದಾರ ಕೇವಲ ಮಾಹಿತಿ ಕೊಟ್ಟವನು ಎಂದು ನಮ್ಮ ನ್ಯಾಯಶಾಸ್ತ್ರ ಹೇಳುತ್ತ ಬಂದಿದೆ. ಆದ್ದರಿಂದಲೇ 19ನೇ ಕಲಮಿನ ಮೇಲ್ಮನವಿಯ ಹಕ್ಕು ಶಿಕ್ಷೆಯಾದವನಿಗೆ ಇದೆ, ಅರ್ಜಿ ವಜಾ ಆದವನಿಗೆ ಇಲ್ಲ. ಅವನಿಗೆ ಉಳಿಯುವುದು ಸುಪ್ರೀಂ ಕೋರ್ಟಿನ ವಿಶೇಷಾನುಮತಿ ಎಂಬ ದೂರದ, ದುಬಾರಿ ದಾರಿ. ಕ್ರಿಮಿನಲ್ ನಿಂದನೆಗೆ ಈ ತತ್ತ್ವ ಒಪ್ಪುತ್ತದೆ. ಸಿವಿಲ್ ನಿಂದನೆಗೆ ಒಪ್ಪುವುದಿಲ್ಲ. ಇಲ್ಲಿ ಪಕ್ಷಗಳು ಇಬ್ಬರಲ್ಲ, ಮೂವರು: ಆದೇಶ ಕೊಟ್ಟವರು, ಮೀರಿದವರು, ಆದೇಶ ಪಡೆದೂ ಬರಿಗೈಯಲ್ಲಿ ನಿಂತವರು. ವಿವೇಚನೆಯ ತಕ್ಕಡಿಯಲ್ಲಿ ಮೂರನೆಯವರಿಗೂ ಒಂದು ತಟ್ಟೆ ಇರಬೇಕು.

ಹಾಗೆ ತೂಗಿದರೆ ಕೆಲವು ಸಂಗತಿಗಳು ತಾವಾಗಿ ಸ್ಪಷ್ಟವಾಗುತ್ತವೆ. ಪಾಲನೆ ಮುಂದೆ, ಕ್ಷಮೆ ಹಿಂದೆ. ಪಾಲನೆಯಿಲ್ಲದ ಕ್ಷಮಾಪಣೆಯನ್ನು ಸಿವಿಲ್ ನಿಂದನೆಯಲ್ಲಿ ಸ್ವೀಕರಿಸಬಾರದು. ಕ್ಷಮಿಸಿ ಕೈಬಿಡುವಾಗಲೂ ವಿಳಂಬದ ಬಡ್ಡಿ, ಖರ್ಚು ಗೆದ್ದವನಿಗೆ ಸಿಗಬೇಕು. ಅರ್ಜಿಯನ್ನು ವಜಾ ಮಾಡುವ, ಶಿಕ್ಷೆಯನ್ನು ಕಡಿಮೆ ಮಾಡುವ ಆದೇಶಗಳಲ್ಲಿ ಕಾರಣ ಬರೆದಿರಬೇಕು. ಕಾರಣ ಹೇಳುವ ವಿವೇಚನೆ ಮಾತ್ರ ವಿವೇಚನೆ, ಹೇಳದ್ದು ಇಷ್ಟಾನಿಷ್ಟ. ಯಾರು, ಏನು, ಯಾವ ದಿನದೊಳಗೆ ಎಂದು ಮೂಲ ಆದೇಶವೇ ಹೇಳಿದರೆ ‘ಬೇಕೆಂದೇ’ ಎಂಬುದನ್ನು ಸಾಬೀತು ಮಾಡುವ ಅರ್ಧ ಹೊರೆ ಅಲ್ಲೇ ಇಳಿಯುತ್ತದೆ. 1926ರ 2,000 ರೂಪಾಯಿಯನ್ನು ಸಂಸತ್ತು ಬದಲಿಸಿ, ಸೆರೆಮನೆಗೂ ಕ್ಷಮೆಗೂ ನಡುವಿನ ಮುಚ್ಚಿದ ದಾರಿಯನ್ನು ತೆರೆಯಬೇಕು. ಒತ್ತಾಯದ ಬಂಧನಕ್ಕೂ ಒಂದು ಹೊರಮಿತಿ ಬೇಕು. ಅರ್ಜಿ ವಜಾ ಆದವನಿಗೂ ಹೈಕೋರ್ಟಿನೊಳಗೇ ಒಂದು ಮೇಲ್ಮನವಿ ಸಿಗಬೇಕು.

ಇವೆಲ್ಲ ನ್ಯಾಯಾಧೀಶರ ಕೈ ಕಟ್ಟುವ ಮಾತುಗಳಲ್ಲ. ಎರಿಕ್ಸನ್ ಪ್ರಕರಣದಲ್ಲಿ ದೃಢತೆ, ಕಾವೇರಿಯಲ್ಲಿ ತಾಳ್ಮೆ, ಗುಂಟೂರಿನ ಪ್ರಕರಣದಲ್ಲಿ ಹೊಸ ದಾರಿ ಹುಡುಕುವ ಧೈರ್ಯ ಬಂದದ್ದು ಆ ಕೈ ಮುಕ್ತವಾಗಿದ್ದುದರಿಂದಲೇ. ವಿವೇಚನೆ ಎಂಬ ಪದದಲ್ಲೇ ಬೇರ್ಪಡಿಸಿ ನೋಡುವ ಅರ್ಥವಿದೆ: ಆಗದ್ದನ್ನು ಮಾಡದ್ದರಿಂದ, ಪಶ್ಚಾತ್ತಾಪವನ್ನು ಭಯದಿಂದ, ತನ್ನ ಘನತೆಯನ್ನು ಇನ್ನೊಬ್ಬನ ಹಕ್ಕಿನಿಂದ ಬೇರ್ಪಡಿಸುವುದು.

ಕಲಬುರಗಿಯದೋ ಧಾರವಾಡದ್ದೋ ಪೀಠದ ಮುಂದೆ, ಬೆಳಗಿನ ಬಸ್ಸು ಹಿಡಿದು ಬಂದು ಕುಳಿತ ನಿವೃತ್ತ ಶಿಕ್ಷಕಿಗೆ ಅಧಿಕಾರಿ ಸೆರೆಮನೆಗೆ ಹೋಗಬೇಕೆಂಬ ಆಸೆಯಿಲ್ಲ. ನ್ಯಾಯಾಲಯದ ಮಹಿಮೆಯ ಬಗ್ಗೆ ಯೋಚಿಸಲು ಬಿಡುವೂ ಇಲ್ಲ. ಆಕೆ ಬಂದಿರುವುದು ಎರಡು ವರ್ಷದ ಹಿಂದೆ ತನ್ನ ಪರವಾಗಿ ಬರೆದ ಪಿಂಚಣಿಯ ಒಂದು ಸಾಲು ನಿಜವಾಗಲೆಂದು. ಸಂಜೆ ಅದೇ ಬಸ್ಸಿನಲ್ಲಿ ಮರಳುವಾಗ ಆ ಸಾಲು ನಿಜವಾಗುವ ದಿನಾಂಕವೊಂದು ಆಕೆಯ ಕೈಯಲ್ಲಿದ್ದರೆ, ಅಂದು ಆ ಪೀಠ ತನ್ನ ವಿವೇಚನೆಯನ್ನು ಸರಿಯಾಗಿ ಬಳಸಿತು ಎನ್ನಬಹುದು.